ಬ್ಲೂ-ರೇ ಹಾಕಿದರೂ ಸಿನಿಮಾ ಸೀರಿಯಲ್‌ನಂತೆ ಕಾಣುತ್ತಿದೆ, ಏಕೆ?

ಪ್ರಶ್ನೆ: ವಾಂಗ್ ಕಾರ್-ವಾಯ್ ಅವರ ‘ಇನ್ ದ ಮೂಡ್ ಫಾರ್ ಲವ್’ (2000) ಬ್ಲೂ-ರೇ ತರಿಸಿ 55 ಇಂಚಿನ ಟಿವಿಯಲ್ಲಿ ನೋಡಿದೆವು. ಚಿತ್ರ ಸ್ಪಷ್ಟವಾಗಿದೆ, ಆದರೆ ನಡಿಗೆಯೆಲ್ಲ ಜಾರಿದಂತೆ, ಧಾರಾವಾಹಿ ನೋಡಿದ ಹಾಗಿದೆ. ಎರಡೂ ಬದಿಗೆ ಕಪ್ಪು ಪಟ್ಟಿ ಬೇರೆ. ಡಿಸ್ಕ್ ಕೆಟ್ಟಿದೆಯೇ?
– ಓದುಗರು, ಧಾರವಾಡ

ಉತ್ತರ: ಡಿಸ್ಕ್‌ಗೆ ಏನೂ ಆಗಿಲ್ಲ. ಟಿವಿ ನಡುವೆ ಕೈಯಾಡಿಸುತ್ತಿದೆ. ಡಿಸ್ಕ್‌ನಲ್ಲಿರುವುದು ಸೆಕೆಂಡಿಗೆ 24 ಫ್ರೇಮ್. ಎರಡು ಫ್ರೇಮ್‌ಗಳ ನಡುವೆ ಟಿವಿ ತಾನೇ ಹೊಸ ಫ್ರೇಮ್ ಹುಟ್ಟಿಸಿ ಸೇರಿಸುತ್ತದೆ. ಈ ಚಿತ್ರಕ್ಕೆ ಅದರಷ್ಟು ಹಾನಿ ಇನ್ನೊಂದಿಲ್ಲ. ನಾಯಕಿ ಮ್ಯಾಗಿ ಚುಂಗ್ ನೂಡಲ್ಸ್ ಡಬ್ಬಿ ಹಿಡಿದು ಮೆಟ್ಟಿಲಿಳಿಯುವುದು ಸ್ಲೋ ಮೋಷನ್‌ನಲ್ಲಿ. ಹೇಳದೆ ಉಳಿದ ಪ್ರೀತಿಯೆಲ್ಲ ಆ ನಡಿಗೆಯ ಸಣ್ಣ ತೂಗಾಟದಲ್ಲೇ ಇದೆ. ಅದನ್ನು ನಯಮಾಡಿದರೆ ದೃಶ್ಯದ ಜೀವವೇ ಹೋಯಿತು.

ಮೊದಲು ಪಿಕ್ಚರ್ ಮೋಡ್ ಅನ್ನು ‘ಸಿನಿಮಾ’ ಅಥವಾ ‘ಫಿಲ್ಮ್‌ಮೇಕರ್’ಗೆ ತನ್ನಿ. ಆಮೇಲೆ ಫ್ರೇಮ್ ಸೇರಿಸುವ ಸೌಲಭ್ಯವನ್ನು, ಅಂದರೆ ಎಲ್‌ಜಿಯಲ್ಲಿ ಟ್ರೂಮೋಷನ್, ಸೋನಿಯಲ್ಲಿ ಮೋಷನ್‌ಫ್ಲೋ, ಸ್ಯಾಮ್‌ಸಂಗ್‌ನಲ್ಲಿ ಪಿಕ್ಚರ್ ಕ್ಲಾರಿಟಿ ಆಫ್ ಮಾಡಿ. ನಾಯ್ಸ್ ರಿಡಕ್ಷನ್ ಕೂಡ ಆಫ್ ಇರಲಿ, ಇಲ್ಲದಿದ್ದರೆ ಸಿಗರೇಟಿನ ಹೊಗೆ ಕಲಸಿಹೋಗುತ್ತದೆ. ಶಾರ್ಪ್‌ನೆಸ್ ಸೊನ್ನೆಗೆ ಇಳಿಸಿ. ಸೋನಿಯಲ್ಲಿ ಮಾತ್ರ 50 ಎಂದರೆ ಸೊನ್ನೆಗೆ ಸಮ. ಪ್ಲೇಯರ್‌ನ ಮೆನುವಿನಲ್ಲಿ 24ಪಿ ಔಟ್‌ಪುಟ್ (ಸೆಕೆಂಡಿಗೆ 24 ಫ್ರೇಮ್ ಹಾಗೆಯೇ ಕಳಿಸುವುದು) ಆನ್ ಇದೆಯೇ ನೋಡಿ. ಆಫ್ ಇದ್ದರೆ ಒಂದು ಫ್ರೇಮ್ 3 ಸಲ, ಮುಂದಿನದು 2 ಸಲ ಬರುತ್ತದೆ. ಕ್ಯಾಮೆರಾ ಗೋಡೆಯಂಚಿನಿಂದ ಮೆಲ್ಲಗೆ ಅಡ್ಡ ಸರಿಯುವಾಗ ಚಿತ್ರ ತಡವರಿಸುವುದು ಅದಕ್ಕೇ.

ಕಪ್ಪು ಪಟ್ಟಿ ಇರಲೇಬೇಕು. ಚಿತ್ರದ ಅಗಲ-ಎತ್ತರದ ಅನುಪಾತ 1.66:1, ಟಿವಿಯದು 1.78:1, ಆದ್ದರಿಂದ ಬ್ಲೂ-ರೇಯ 1920 ಪಿಕ್ಸೆಲ್ ಅಗಲದಲ್ಲಿ ಪ್ರತಿ ಬದಿಗೂ ಸುಮಾರು 63 ಪಿಕ್ಸೆಲ್ ಖಾಲಿ. ಝೂಮ್ ಮಾಡಿ ತುಂಬಿಸಿದರೆ ಎತ್ತರದಲ್ಲಿ ಶೇ. 6ಕ್ಕಿಂತ ಹೆಚ್ಚು ಕತ್ತರಿಸಿಹೋಗುತ್ತದೆ.

ಪ್ರಶ್ನೆ: ಗೆಳೆಯನ ಹಳೆಯ ಡಿಸ್ಕ್‌ನಲ್ಲಿ ಇದೇ ಚಿತ್ರ ಕೆಂಪಗಿದೆ, ನನ್ನದರಲ್ಲಿ ಹಸಿರು ಛಾಯೆ. ಟಿವಿಯ ಬಣ್ಣ ಸರಿಮಾಡಿಸಬೇಕೆ?
– ಓದುಗರು, ಮೈಸೂರು

ಉತ್ತರ: ಬೇಡ. ನಿಮ್ಮದು ಹೊಸ 4ಕೆ ಪುನರುಜ್ಜೀವನದ ಪ್ರತಿ; ನಿರ್ದೇಶಕರೇ ನೋಡಿಕೊಂಡು ಬಣ್ಣ ಬದಲಿಸಿದ್ದಾರೆ. ಟಿವಿಯಲ್ಲಿ ಕೆಂಪು ಏರಿಸಿದರೆ ಮುಖಗಳು ಕೆಡುತ್ತವೆ, ಹಳೆಯ ಬಣ್ಣವಂತೂ ಬರುವುದಿಲ್ಲ. ಕಲರ್ ಟೆಂಪರೇಚರ್ ‘ವಾರ್ಮ್’ನಲ್ಲಿಟ್ಟು ಬಿಟ್ಟುಬಿಡಿ. ಪರದೆ, ದೀಪ, ಚೊಂಗ್‌ಸಮ್‌ (ನಾಯಕಿಯ ಚೀನೀ ಉಡುಗೆ)ಗಳ ಆ ಕಡುಗೆಂಪು ಈ ಕಥೆಗೆ ಹೆಚ್ಚು ಒಪ್ಪುತ್ತದೆ ಎಂಬುದು ನಮ್ಮ ಅಭಿಪ್ರಾಯ. ಹಳೆಯ ಡಿಸ್ಕ್ ಕೈಯಲ್ಲಿದ್ದವರು ಮಾರಬೇಡಿ.

ಪ್ರಶ್ನೆ: ಅಮೆರಿಕದಿಂದ ಅಣ್ಣ ತಂದ ಡಿಸ್ಕ್ ಇಲ್ಲಿಯ ಪ್ಲೇಯರ್‌ನಲ್ಲಿ ಓಡುತ್ತಿಲ್ಲ.
– ಓದುಗರು, ಶಿವಮೊಗ್ಗ

ಉತ್ತರ: ಬ್ಲೂ-ರೇಗೆ ಜಗತ್ತನ್ನು ರೀಜನ್‌ಗಳಾಗಿ (ವಲಯಗಳಾಗಿ) ಹಂಚಿದ್ದಾರೆ; ಒಂದರ ಡಿಸ್ಕ್ ಇನ್ನೊಂದರ ಪ್ಲೇಯರ್‌ನಲ್ಲಿ ಓಡದಿರಬಹುದು. ಅಮೆರಿಕ ರೀಜನ್ ಎ, ಭಾರತ ರೀಜನ್ ಸಿ. ಎಲ್ಲ ರೀಜನ್ ಓಡಿಸುವ ಪ್ಲೇಯರ್ ಬೇಕು. 4ಕೆ ಅಲ್ಟ್ರಾ ಎಚ್‌ಡಿ ಡಿಸ್ಕ್‌ಗೆ ಈ ತೊಡಕಿಲ್ಲ, ಆದರೆ ಅದಕ್ಕೆ 4ಕೆ ಪ್ಲೇಯರೇ ಆಗಬೇಕು. ಅದೇ ಪೆಟ್ಟಿಗೆಯಲ್ಲಿ ಜೊತೆಗೆ ಬರುವ ಸಾಮಾನ್ಯ ಬ್ಲೂ-ರೇಗೆ ರೀಜನ್ ಬೀಗ ಇದ್ದೇ ಇರಬಹುದು.