ಕಿಮಿಕೊ ದಾತೆಯ ಎರಡು ಇನಿಂಗ್ಸ್

ಪ್ರಶ್ನೆ: ಆಟ ಬಿಟ್ಟು ಹನ್ನೊಂದು ವರ್ಷ ಕಳೆದ ಮೇಲೂ ಜಪಾನಿನ ಕಿಮಿಕೊ ದಾತೆ ಟೆನಿಸ್‌ಗೆ ಮರಳಿ ಗೆದ್ದದ್ದು ಹೇಗೆ?

ಉತ್ತರ: ಮುಖ್ಯ ಕಾರಣ ಆಕೆಯ ಹೊಡೆತವೇ. ಚೆಂಡು ಪುಟಿದು ಮೇಲೇಳುತ್ತಿರುವಾಗಲೇ, ಪೂರ್ತಿ ಎತ್ತರ ಮುಟ್ಟುವ ಮೊದಲೇ ದಾತೆ ಹೊಡೆಯುತ್ತಿದ್ದರು. ಇದಕ್ಕೆ ಬೇಸ್‌ಲೈನಿಗೆ (ಅಂಕಣದ ಹಿಂಬದಿಯ ಗೆರೆಗೆ) ಅಂಟಿಕೊಂಡು ನಿಲ್ಲಬೇಕು, ರಾಕೆಟ್ಟನ್ನು ತುಸುವೇ ಹಿಂದಕ್ಕೆ ಒಯ್ಯಬೇಕು, ಚೆಂಡನ್ನು ದೇಹದ ಮುಂದೆಯೇ ಸಂಧಿಸಬೇಕು. ಎದುರಾಳಿಯ ವೇಗವೇ ಬಂಡವಾಳವಾದ್ದರಿಂದ ತೋಳ್ಬಲ ಅಷ್ಟಾಗಿ ಬೇಡ. ವಯಸ್ಸಾದರೂ ಉಳಿಯುವ ವಿದ್ಯೆ ಇದು. ಆದರೆ ಸ್ಪಿನ್ (ಚೆಂಡಿನ ಸುತ್ತು) ಕಡಿಮೆಯಿರುವ ಚಪ್ಪಟೆ ಹೊಡೆತ ನೆಟ್ಟಿಗೆ ತೀರಾ ಹತ್ತಿರದಲ್ಲಿ ಸಾಗುತ್ತದೆ. ಕ್ಷಣ ತಡವಾಗಿ ರಾಕೆಟ್ಟಿನ ಮುಖ ಮೇಲಕ್ಕೆ ತೆರೆದುಕೊಂಡರೆ ಚೆಂಡು ಗೆರೆಯಾಚೆ ಬೀಳುತ್ತದೆ. ಹುಟ್ಟಾ ಎಡಗೈಯವರಾದ ದಾತೆ ಆಡಿದ್ದು ಬಲಗೈಯಲ್ಲಿ ಎಂಬುದನ್ನೂ ಗಮನಿಸಿ.

ಕ್ಯೋಟೊದಲ್ಲಿ 1970ರಲ್ಲಿ ಹುಟ್ಟಿ, 1989ರಲ್ಲಿ ವೃತ್ತಿಪರರಾದರು. 1995ರ ನವೆಂಬರಿನಲ್ಲಿ ವಿಶ್ವದ 4ನೇ ಸ್ಥಾನ. ಆಸ್ಟ್ರೇಲಿಯನ್ ಓಪನ್ (1994), ಫ್ರೆಂಚ್ ಓಪನ್ (1995), ವಿಂಬಲ್ಡನ್ (1996) ಮೂರರಲ್ಲೂ ಸೆಮಿಫೈನಲ್. ವಿಂಬಲ್ಡನ್‌ನಲ್ಲಿ ಜರ್ಮನಿಯ ಅಗ್ರ ಆಟಗಾರ್ತಿ ಸ್ಟೆಫಿ ಗ್ರಾಫ್ ವಿರುದ್ಧ ಎರಡನೇ ಸೆಟ್ಟನ್ನು 6-2ರಿಂದ ಗೆದ್ದು ಸಮ ಮಾಡಿಕೊಂಡಾಗಲೇ ಕತ್ತಲಾಗಿ ಆಟ ನಿಂತಿತು. ಮರುದಿನ ಮೂರನೇ ಸೆಟ್ 3-6ರಿಂದ ಕೈತಪ್ಪಿತು. ಆ ಲಯ ಕಡಿಯದಿದ್ದರೆ ಫಲಿತಾಂಶ ಬೇರೆಯಾಗುತ್ತಿತ್ತೆಂದು ವಾದಿಸಲು ಜಾಗವಿದೆ, ಏಕೆಂದರೆ ಅದೇ ವರ್ಷ ಟೋಕಿಯೊದಲ್ಲಿ ನಡೆದ ಫೆಡ್ ಕಪ್‌ನಲ್ಲಿ (ಮಹಿಳೆಯರ ರಾಷ್ಟ್ರ ತಂಡಗಳ ಪಂದ್ಯಾವಳಿ) ಅದೇ ಗ್ರಾಫ್‌ರನ್ನು ಮೂರನೇ ಸೆಟ್‌ನಲ್ಲಿ 12-10ರಿಂದ ಮಣಿಸಿದ್ದರು.

1996ರಲ್ಲೇ ನಿವೃತ್ತಿ, 2008ರಲ್ಲಿ ಪುನರಾಗಮನ. 2009ರಲ್ಲಿ, 39ನೇ ಹುಟ್ಟುಹಬ್ಬದ ಹಿಂದಿನ ದಿನ, ದಕ್ಷಿಣ ಕೊರಿಯಾದ ಸೋಲ್ ನಗರದಲ್ಲಿ ಪ್ರಶಸ್ತಿ. 2013ರಲ್ಲಿ, 42ರ ವಯಸ್ಸಿನಲ್ಲಿ, ವಿಂಬಲ್ಡನ್ ಮೂರನೇ ಸುತ್ತು ತಲುಪಿದರು. ಕೊನೆಯ ವಿದಾಯ 2017ರಲ್ಲಿ.