ಆ ಮಕ್ಕಳು ಅನಾಥರಲ್ಲ

ಬದಿಯಡ್ಕದ ಕಥೆಗಾರರಿಗೆ,

ನಿಮ್ಮ ‘ಹಡಗಿನ ಹಕ್ಕಿಗಳು’ ತಲುಪಿತು. ಭಾಷೆ ಹದವಾಗಿದೆ, ಕಾಗುಣಿತ ಚೊಕ್ಕಟವಾಗಿದೆ. ಸ್ಪೇನಿನ ಅಂತರ್ಯುದ್ಧದ ನಡುವೆ, 1937ರ ಮೇ 21ರಂದು ಬಿಲ್ಬಾವೊ ಬಳಿಯ ಬಂದರಿನಿಂದ ‘ಹಬಾನಾ’ ಹಡಗಿನಲ್ಲಿ ಇಂಗ್ಲೆಂಡಿಗೆ ಹೊರಟ ಉತ್ತರ ಸ್ಪೇನಿನ ಬಾಸ್ಕ್ ಪ್ರಾಂತ್ಯದ ಸುಮಾರು ನಾಲ್ಕು ಸಾವಿರ ಮಕ್ಕಳ ಕಥೆಯನ್ನು ಕನ್ನಡಕ್ಕೆ ತಂದಿದ್ದೀರಿ. ಸಂತೋಷ.

ಆದರೆ ‘ಅನಾಥ’ ಎಂಬ ಪದವನ್ನು ಹನ್ನೊಂದು ಸಲ ಬಳಸಿದ್ದೀರಿ. ಅದು ನನಗೆ ನಿದ್ದೆ ಕೊಡಲಿಲ್ಲ.

ಮೊದಲ ಸಾಲು: “ಅನಾಥರನ್ನು ಹೊತ್ತ ಹಡಗು ಕಣ್ಣೀರಿನ ಕಡಲಲ್ಲಿ ತೇಲಿತು.” ಬಹುಪಾಲು ಮಕ್ಕಳಿಗೆ ಹೆತ್ತವರಿದ್ದರು! ಅವರ ನಾಡಿನ ಗೆರ್ನಿಕಾ ಪಟ್ಟಣದ ಮೇಲೆ ಬಾಂಬು ಸುರಿದು ಇನ್ನೂ ತಿಂಗಳು ತುಂಬಿರಲಿಲ್ಲ. ‘ಮೂರೇ ತಿಂಗಳು’ ಎಂದು ಸಮಾಧಾನ ಹೇಳಿ ಹೆತ್ತವರೇ ಹಡಗು ಹತ್ತಿಸಿದ್ದರು. ಇನ್ನು ಆ ಕಡಲು. ಬಿಸ್ಕೆ ಕೊಲ್ಲಿಯ ಅಲೆಗಳಿಗೆ ಮಕ್ಕಳು ವಾಂತಿ ಮಾಡಿ ಬಸವಳಿದಿದ್ದರು. ನಿಮ್ಮ ಕಡಲಿನಲ್ಲಿ ಉಪ್ಪೂ ಇಲ್ಲ, ಅಲೆಯೂ ಇಲ್ಲ.

ಮೂರನೆಯ ಪುಟ: “ತಾಯಿಯ ಕರುಳು ಕತ್ತರಿಸಿದಂತಾಯಿತು.” ಇದು ಯಾವ ತಾಯಿ? ಪ್ರತಿ ಮಗುವಿನ ಬಟ್ಟೆಗೂ ಸಂಖ್ಯೆ ಬರೆದ ರಟ್ಟಿನ ಚೀಟಿ ಸಿಕ್ಕಿಸಿದ್ದರು. ಆ ಚೀಟಿಯನ್ನು ನೋಡಿದಾಗ ಅವಳ ಕೈ ಏನು ಮಾಡಿತು? ಅಷ್ಟನ್ನೇ ಬರೆಯಿರಿ, ಕರುಳಿನ ಮಾತು ಬೇಡ.

ಕಾಸರಗೋಡಿನ ಒಂದು ಪತ್ರಿಕೆಯಲ್ಲಿ ಕೆಲಸ ಕಲಿಯುತ್ತಿದ್ದಾಗ ನನಗೆ ಇಪ್ಪತ್ತು ವರ್ಷ. ಚಂದ್ರಗಿರಿ ಹೊಳೆ ಉಕ್ಕಿದ ಮಳೆಗಾಲ. ಶಾಲೆಯ ಜಗಲಿಯಲ್ಲಿ ಗಂಜಿ ಉಣ್ಣುತ್ತಿದ್ದ ಇಬ್ಬರು ಮಕ್ಕಳ ಚಿತ್ರದ ಕೆಳಗೆ ‘ಅನಾಥ ಕಂದಮ್ಮಗಳು’ ಎಂದು ಬರೆದೆ. ಮರುದಿನ ಮೊಣಕಾಲಿನವರೆಗೆ ಕೆಸರು ಮೆತ್ತಿದ್ದ ಹೆಂಗಸೊಬ್ಬಳು ಕಚೇರಿಗೆ ಬಂದಳು. “ಮನೆಯೊಳಗಿನ ಕೆಸರು ತೆಗೆಯಲು ಹೋಗಿದ್ದೆ. ನಾನು ಸತ್ತೆನೆಂದು ನಿಮಗೆ ಯಾರು ಹೇಳಿದರು?” ಎಂದು ಕೇಳಿದಳು. ಸಂಪಾದಕರು ಆ ತುಣುಕನ್ನು ಕತ್ತರಿಸಿ ನನ್ನ ಮೇಜಿನ ಗಾಜಿನಡಿ ಇಟ್ಟರು. ಮಳೆಗಾಲ ಮುಗಿಯುವವರೆಗೆ ತೆಗೆಯಲು ಬಿಡಲಿಲ್ಲ.

ಕೊನೆಯ ಸಾಲು: “ಅನಾಥರಿಗೆ ಆಸರೆ ಸಿಕ್ಕಿತು.” ಇಲ್ಲಿಗೆ ಹೇಗೆ ನಿಲ್ಲಿಸಿದಿರಿ? ಜೂನ್ 19ರಂದು ಬಿಲ್ಬಾವೊ ಶತ್ರುಗಳಾದ ಫ್ರಾಂಕೊ ಪಡೆಗಳ ವಶವಾಯಿತು. ಸೌತಾಂಪ್ಟನ್ ಸಮೀಪದ ಡೇರೆಗಳ ಶಿಬಿರದಲ್ಲಿ ಆ ಸುದ್ದಿಯನ್ನು ಧ್ವನಿವರ್ಧಕದಲ್ಲಿ ಹೇಳಿದಾಗ ಮಕ್ಕಳು ಚೀರಿಕೊಂಡು ಅತ್ತರು. ಊರಿಗೆ ಹೋಗುತ್ತೇವೆಂದು ಕೆಲವರು ಶಿಬಿರದಿಂದ ಹೊರಗೆ ಓಡಿದರು. ಅಪ್ಪ ಅಮ್ಮ ಅಲ್ಲಿದ್ದಾರೆಂದೇ ಅಲ್ಲವೇ ಆ ಓಟ?

ತಿದ್ದಿ ಕಳಿಸಿ, ದೀಪಾವಳಿ ಸಂಚಿಕೆಯಲ್ಲಿ ಜಾಗ ಇಟ್ಟಿದ್ದೇನೆ. ಆ ತಾಯಿಯನ್ನು ಬಂದರಿನಲ್ಲೇ ಬಿಟ್ಟುಬರಬೇಡಿ. ಮೂರು ತಿಂಗಳು ಎಣಿಸುತ್ತಾ ಅವಳೂ ಕಥೆಯಲ್ಲಿರಲಿ.