ಚೀನಾಕ್ಕೆ ಹೋದ ಮೇಲೂ ಮಗ ಮೈಸೂರಿನ ಗೆಳೆಯರ ಜೊತೆ ಆನ್‌ಲೈನ್ ಗೇಮ್ ಆಡಬಹುದೇ?

ಆಡಬಹುದು. ನಿಮ್ಮ ಯಜಮಾನರಿಗೆ ಶೆನ್‌ಜೆನ್‌ಗೆ ಎರಡು ವರ್ಷದ ವರ್ಗವಾಗಿದೆ, ಎಂಟನೇ ಕ್ಲಾಸಿನ ಮಗ ಮೈಸೂರಿನ ಗೆಳೆಯರ ಜೊತೆ ದಿನವೂ ವ್ಯಾಲೊರಂಟ್ ಎಂಬ ಶೂಟಿಂಗ್ ಗೇಮ್, ಲೋಕ ಕಟ್ಟುವ ಮೈನ್‌ಕ್ರಾಫ್ಟ್ ಆಡುತ್ತಾನೆ, ‘ಅಲ್ಲಿ ಎಲ್ಲವೂ ಬ್ಯಾನ್ ಅಂತೆ’ ಎಂದು ಊಟ ಬಿಟ್ಟು ಕೂತಿದ್ದಾನೆ ಎಂದು ಬರೆದಿದ್ದೀರಿ. ನಾನು ಅದೇ ಊರಿನಲ್ಲಿ ಕೆಲಸಕ್ಕಿದ್ದೇನೆ. ಬೆಂಗಳೂರಿನ ಹಳೇ ಸಹೋದ್ಯೋಗಿಗಳ ಜೊತೆ ವಾರಾಂತ್ಯದಲ್ಲಿ ಈಗಲೂ ಆಡುತ್ತೇನೆ. ಹಾಗಾಗಿ ಮಗನಿಗೆ ಇವತ್ತೇ ಹೇಳಿಬಿಡಿ: ಆಟ ನಿಲ್ಲುವುದಿಲ್ಲ. ಆದರೆ ಆಡುವ ಹೊತ್ತು ಬದಲಾಗಬೇಕು, ಸರ್ವರ್ ಬದಲಾಗಬೇಕು, ಮಾತಾಡುವ ಆ್ಯಪ್ ಬದಲಾಗಬೇಕು. ಇದರಲ್ಲಿ ಅರ್ಧ ಕೆಲಸ ವಿಮಾನ ಹತ್ತುವ ಮೊದಲೇ ಮೈಸೂರಿನಲ್ಲೇ ಮುಗಿಯಬೇಕು.

ಮೊದಲು ಬ್ಯಾನ್ ವಿಷಯ. ಗೂಗಲ್, ಯೂಟ್ಯೂಬ್, ವಾಟ್ಸ್ಆ್ಯಪ್, ಇನ್‌ಸ್ಟಾಗ್ರಾಮ್, ಗೇಮ್ ಆಡುವವರು ಹರಟುವ ಡಿಸ್ಕಾರ್ಡ್ ಯಾವುದೂ ಅಲ್ಲಿ ನೇರವಾಗಿ ತೆರೆಯುವುದಿಲ್ಲ. 2019ರ ಏಪ್ರಿಲ್‌ನಿಂದ ವಿಕಿಪೀಡಿಯದ ಎಲ್ಲ ಭಾಷೆಗಳ ಆವೃತ್ತಿಗಳೂ ಬಂದ್. ಕನ್ನಡ ವಿಕಿಪೀಡಿಯ ಕೂಡ. ಆದರೆ ವಿದೇಶಿ ಗೇಮ್‌ಗಳ ವಿಷಯದಲ್ಲಿ ಚೀನಾ ಸರ್ಕಾರ ಹೆಚ್ಚಾಗಿ ಕೈಹಾಕಿರುವುದು ದೇಶದೊಳಗಿನ ಮಾರಾಟಕ್ಕೆ. ಅಲ್ಲಿ ಒಂದು ಗೇಮ್ ಮಾರಬೇಕಾದರೆ ಪತ್ರಿಕಾ ಮತ್ತು ಪ್ರಕಾಶನ ಆಡಳಿತದ ಪರವಾನಗಿ ಬೇಕು. ಹೊರಗೆ ಖರೀದಿಸಿದ ಗೇಮ್ ನಿಮ್ಮ ಲ್ಯಾಪ್‌ಟಾಪಿನಲ್ಲಿದ್ದು, ಅದು ಸಿಂಗಾಪುರದ ಸರ್ವರಿಗೆ ಹೋಗಿ ತಲುಪಿದರೆ ಬಹುಪಾಲು ಸಂದರ್ಭದಲ್ಲಿ ಯಾರೂ ತಡೆಯುವುದಿಲ್ಲ. ಕಂಪ್ಯೂಟರ್ ಗೇಮ್ ಮಾರುವ ಆನ್‌ಲೈನ್ ಅಂಗಡಿ ಸ್ಟೀಮ್ ಇದಕ್ಕೆ ಒಳ್ಳೆಯ ಉದಾಹರಣೆ. ಅಂಗಡಿ ತೆರೆಯುತ್ತದೆ, ಡೌನ್‌ಲೋಡ್ ನಮ್ಮಲ್ಲಿಗಿಂತ ವೇಗವಾಗಿಯೇ ಆಗುತ್ತದೆ, ಆದರೆ ಜನ ಹರಟುವ ಕಮ್ಯುನಿಟಿ ಪುಟಗಳು 2017ರ ಡಿಸೆಂಬರ್‌ನಿಂದ ಬಂದ್. 2021ರ ಫೆಬ್ರವರಿಯಲ್ಲಿ ಬಂದ ‘ಸ್ಟೀಮ್ ಚೀನಾ’ ಬೇರೆಯೇ ಅಂಗಡಿ. ಶುರುವಾದಾಗ ಅದರಲ್ಲಿ ಇದ್ದದ್ದು 53 ಗೇಮ್ ಮಾತ್ರ. ಮಗನ ಖಾತೆ ಭಾರತದ್ದೇ ಆಗಿರಲಿ, ಅತ್ತ ಹೊರಳಿಸುವುದು ಬೇಡ.

ಈಗ ನಿಜವಾದ ತೊಂದರೆಗೆ ಬರುತ್ತೇನೆ: ಲ್ಯಾಗ್, ಅಂದರೆ ಆಟ ತಡವಾಗಿ, ತಡೆತಡೆದು ಸಾಗುವುದು.

ಚೀನಾದಿಂದ ಹೊರಗೆ ಹೋಗುವ ಇಂಟರ್ನೆಟ್ಟೆಲ್ಲ ಮುಖ್ಯವಾಗಿ ಬೀಜಿಂಗ್, ಶಾಂಘೈ, ಗುವಾಂಗ್‌ಜೌ ಈ ಮೂರು ಊರುಗಳ ದ್ವಾರಗಳಿಂದ ಹಾದು ಹೋಗಬೇಕು. ಶೆನ್‌ಜೆನ್ ಪಕ್ಕದಲ್ಲೇ ಹಾಂಗ್‌ಕಾಂಗ್ ಇದೆ, ಮೆಟ್ರೋ ಹತ್ತಿದರೆ ಗಡಿ. ಆದರೂ ನಿಮ್ಮ ಮನೆಯ ಬ್ರಾಡ್‌ಬ್ಯಾಂಡಿನ ಡೇಟಾ ಮೊದಲು ಗುವಾಂಗ್‌ಜೌಗೆ ಹೋಗಿ ಅಲ್ಲಿಂದ ಹೊರಬೀಳಬಹುದು. ರಾತ್ರಿ ಎಂಟರಿಂದ ಹನ್ನೊಂದರವರೆಗೆ ಇಡೀ ದೇಶ ಮೊಬೈಲ್ ಹಿಡಿದು ಕೂತಿರುವಾಗ ಈ ದ್ವಾರಗಳಲ್ಲಿ ನೂಕುನುಗ್ಗಲು. ವ್ಯಾಲೊರಂಟ್‌ನಂಥ ಶೂಟಿಂಗ್ ಗೇಮ್‌ಗಳು ಡೇಟಾವನ್ನು ‘ಯುಡಿಪಿ’ ಎಂಬ ವಿಧಾನದಲ್ಲಿ ಪ್ಯಾಕೆಟ್ ಎಂಬ ಸಣ್ಣ ತುಂಡುಗಳಾಗಿ ಕಳಿಸುತ್ತವೆ; ತುಂಡು ದಾರಿಯಲ್ಲಿ ಕಳೆದುಹೋದರೆ ತಾನಾಗಿ ಮತ್ತೆ ಕಳಿಸುವ ವ್ಯವಸ್ಥೆ ಇಲ್ಲ. ಹಾಗಾಗಿ ಪರದೆ ಮೇಲೆ ಕಾಣುವುದು ಹೀಗೆ: ಮೂಲೆಯಲ್ಲಿ ಪಿಂಗ್ (ಡೇಟಾ ಸರ್ವರಿಗೆ ಹೋಗಿ ಬರಲು ಹಿಡಿಯುವ ಮಿಲಿಸೆಕೆಂಡ್) 90 ಎಂದು ಹಸಿರಾಗಿಯೇ ಇರುತ್ತದೆ, ನೀವು ಗೋಡೆಯ ಮರೆಯಿಂದ ಹೊರಗೆ ಬಂದು ಗುಂಡು ಹಾರಿಸುತ್ತೀರಿ, ಮರುಕ್ಷಣ ನಿಮ್ಮ ಪಾತ್ರ ಮತ್ತೆ ಗೋಡೆಯ ಹಿಂದೆಯೇ ನಿಂತಿರುತ್ತದೆ, ಪಿಂಗ್ 300 ದಾಟಿರುತ್ತದೆ, ಆಮೇಲೆ ನೀವು ಸತ್ತ ಸುದ್ದಿ ಬರುತ್ತದೆ. ಹೊಸದಾಗಿ ಬಂದವರು ಇದನ್ನು ‘ಫೈರ್‌ವಾಲ್ (ವಿದೇಶಿ ತಾಣಗಳನ್ನು ತಡೆಯುವ ಚೀನಾ ಸರ್ಕಾರದ ವ್ಯವಸ್ಥೆ) ತಡೆಯಿತು’ ಅಂದುಕೊಳ್ಳುತ್ತಾರೆ. ಅಲ್ಲ. ತಡೆದಿದ್ದರೆ ಆಟವೇ ತೆರೆಯುತ್ತಿರಲಿಲ್ಲ. ಇದು ಪ್ಯಾಕೆಟ್ ಲಾಸ್.

ಇದಕ್ಕೆ ಚೀನಾದವರೇ ಕಂಡುಕೊಂಡ ಮದ್ದು ‘ಜಿಯಾಸುಚಿ’, ಅಂದರೆ ವೇಗವರ್ಧಕ. ವಿದೇಶಿ ಸರ್ವರುಗಳಲ್ಲಿ ಆಡುವ ಅಲ್ಲಿನ ಹುಡುಗರು ಬಳಸುವುದು ಇದನ್ನೇ. ನೆಟ್‌ಈಸ್ ಕಂಪನಿಯ ಯುಯು, ಷೇರುಪೇಟೆಯಲ್ಲೇ ಇರುವ ಶುನ್‌ಯೋ ಮುಂತಾದವು ಈ ವ್ಯಾಪಾರದಲ್ಲಿವೆ. ಇವು ಗೇಮ್‌ನ ಡೇಟಾವನ್ನು ಮಾತ್ರ ತಾವು ಬಾಡಿಗೆಗೆ ಪಡೆದ ಲೈನಿನಲ್ಲಿ ಹಾಂಗ್‌ಕಾಂಗ್‌ಗೋ ಸಿಂಗಾಪುರಕ್ಕೋ ಸಾಗಿಸುತ್ತವೆ. ಹಳೇ ಮೈಸೂರು ರಸ್ತೆಯ ಟ್ರಾಫಿಕ್ ಬಿಟ್ಟು ಟೋಲ್ ಕಟ್ಟಿ ಎಕ್ಸ್‌ಪ್ರೆಸ್‌ವೇ ಹಿಡಿದ ಹಾಗೆ. ಇದರಿಂದ ಯೂಟ್ಯೂಬ್ ತೆರೆಯುವುದಿಲ್ಲ, ತೆರೆಯಲಿ ಎಂದು ಮಾಡಿದ್ದೂ ಅಲ್ಲ. ರಾಜಾರೋಷವಾಗಿ ಜಾಹೀರಾತು ಕೊಟ್ಟು ನಡೆಸುವ ವ್ಯಾಪಾರ ಇದು. ಅಲ್ಲಿನ ಫೋನ್ ನಂಬರ್ ಬಂದ ಮೇಲೆ ಅಪ್ಪನ ಹೆಸರಿನಲ್ಲಿ ಖಾತೆ ಮಾಡಿ, ವಿಚಾಟ್‌ನಲ್ಲೋ ಅಲಿಪೇಯಲ್ಲೋ ತಿಂಗಳ ಚಂದಾ ಕಟ್ಟಿದರೆ ಸಾಕು.

ಬ್ಯಾನ್ ಆದ ತಾಣಗಳನ್ನು ತೆರೆಯಲು ಜನ ಬಳಸುವ ವಿಪಿಎನ್ ಸಾಲದೇ ಎಂದು ಮಗ ಕೇಳಿಯೇ ಕೇಳುತ್ತಾನೆ. ಸಾಲದು. ವಿಪಿಎನ್ ಎಲ್ಲವನ್ನೂ ಎನ್‌ಕ್ರಿಪ್ಟ್ ಮಾಡಿ ಒಂದೇ ಕೊಳವೆಯಲ್ಲಿ ಕಳಿಸುತ್ತದೆ, ಫೈರ್‌ವಾಲ್ ಆ ಕೊಳವೆಯ ಗುರುತು ಹಿಡಿದು ನಿಧಾನ ಮಾಡುತ್ತದೆ ಇಲ್ಲವೇ ಕತ್ತರಿಸುತ್ತದೆ. ವೆಬ್‌ಸೈಟ್ ಓದಲು ನಡೆದೀತು, ಶೂಟಿಂಗ್ ಗೇಮಿಗೆ ಹೆಚ್ಚು ಕಮ್ಮಿ ನಿರುಪಯೋಗಿ. ಜೊತೆಗೆ ಅನುಮತಿಯಿಲ್ಲದ ವಿಪಿಎನ್ ಅಲ್ಲಿ ನಿಯಮಕ್ಕೆ ವಿರುದ್ಧ, ಬಳಸಿದ ವ್ಯಕ್ತಿಗಳಿಗೆ ದಂಡ ಬಿದ್ದದ್ದೂ ಇದೆ. ನಿಮ್ಮ ಮನೆಯವರು ಕೆಲಸದ ವೀಸಾದಲ್ಲಿ ಇರುತ್ತಾರೆ. ಕಂಪನಿಯ ಅಧಿಕೃತ ವಿದೇಶಿ ಲೈನ್ ಲ್ಯಾಪ್‌ಟಾಪಿನಲ್ಲಿದ್ದರೆ ಅದನ್ನು ಮಗನ ಆಟಕ್ಕೆ ಕೊಡುವ ಯೋಚನೆ ಬೇಡವೇ ಬೇಡ. ಹದಿಮೂರು ವರ್ಷದ ಹುಡುಗನ ಕೈಗೆ ಈ ವಿಷಯವನ್ನೇ ಬಿಡಬಾರದು ಎನ್ನುವುದು ನನ್ನ ಗಟ್ಟಿ ಅಭಿಪ್ರಾಯ.

ಸರ್ವರ್ ಆಯ್ಕೆಯಲ್ಲಿ ಮೈಸೂರಿನ ಗೆಳೆಯರ ಸಹಕಾರವೂ ಬೇಕು. ಅವರು ಈಗ ಮುಂಬೈ ಸರ್ವರಿನಲ್ಲಿ ಆಡುತ್ತಿರುತ್ತಾರೆ. ಭಾರತದ ವ್ಯಾಲೊರಂಟ್ ಖಾತೆ ಏಷ್ಯಾ ಪೆಸಿಫಿಕ್ ವಲಯದ್ದು. ಮುಂಬೈ, ಸಿಂಗಾಪುರ, ಹಾಂಗ್‌ಕಾಂಗ್ ಎಲ್ಲವೂ ಅದರೊಳಗೇ ಬರುತ್ತವೆ. ಪಾರ್ಟಿ ಲೀಡರ್, ಅಂದರೆ ಆಟದಲ್ಲಿ ಗುಂಪಿನ ಮುಂದಾಳು, ಸಿಂಗಾಪುರ ಆರಿಸಿಕೊಂಡರೆ ಇಬ್ಬರಿಗೂ ನಡುವಿನ ಜಾಗ. ಚೆನ್ನೈಯಿಂದ ಸಿಂಗಾಪುರಕ್ಕೆ ಸಮುದ್ರದಡಿ ಕೇಬಲ್ ಇರುವುದರಿಂದ ಮೈಸೂರು, ಬೆಂಗಳೂರಿನವರಿಗೆ ಸಾಮಾನ್ಯವಾಗಿ 40ರಿಂದ 70 ಮಿಲಿಸೆಕೆಂಡ್ ಪಿಂಗ್ ಸಿಗುತ್ತದೆ, ವೇಗವರ್ಧಕ ಹಾಕಿದ ಶೆನ್‌ಜೆನ್ ಹುಡುಗನಿಗೂ ಹೆಚ್ಚು ಕಮ್ಮಿ ಅಷ್ಟೇ. ಮುಂಬೈಯಲ್ಲೇ ಆಡೋಣ ಎಂದು ಹಟ ಹಿಡಿದರೆ ಇವನೊಬ್ಬನಿಗೆ ಆಟ ಕೆಡುತ್ತದೆ, ನಿಧಾನಕ್ಕೆ ಇವನನ್ನು ಕರೆಯುವುದೇ ಕಡಿಮೆಯಾಗುತ್ತದೆ. ಮಕ್ಕಳ ಗುಂಪು ಒಡೆಯುವುದು ಹೀಗೆಯೇ, ಜಗಳವಾಗಿ ಅಲ್ಲ. ಎಲ್ಲರಿಗೂ 20 ಮಿಲಿಸೆಕೆಂಡ್ ಹೆಚ್ಚಾದರೂ ಪರವಾಗಿಲ್ಲ ಎಂದು ಆ ಹುಡುಗರು ಒಪ್ಪುವುದು ದೊಡ್ಡ ಮಾತು. ಹೋಗುವ ಮೊದಲೇ ಅವರನ್ನು ಮನೆಗೆ ಕರೆದು ಕೂರಿಸಿ ಮಾತಾಡಿಸಿ.

ಹೊತ್ತಿನ ಲೆಕ್ಕ ಇದಕ್ಕಿಂತ ಮುಖ್ಯ. ಚೀನಾ ನಮಗಿಂತ ಎರಡೂವರೆ ಗಂಟೆ ಮುಂದಿದೆ. ಮೈಸೂರಿನ ಮಕ್ಕಳು ಹೋಮ್‌ವರ್ಕ್ ಮುಗಿಸಿ ರಾತ್ರಿ ಎಂಟಕ್ಕೆ ಕೂತರೆ ನಿಮ್ಮಲ್ಲಿ ಹತ್ತೂವರೆ. ಮಗನಿಗೆ ಮಲಗುವ ಹೊತ್ತು, ನೆಟ್ಟಿಗೆ ನೂಕುನುಗ್ಗಲಿನ ಹೊತ್ತು. ಎರಡೂ ಕೆಟ್ಟದ್ದು. ಭಾನುವಾರ ಬೆಳಿಗ್ಗೆ ಮೈಸೂರಿನಲ್ಲಿ ಒಂಬತ್ತು ಗಂಟೆ, ಶೆನ್‌ಜೆನ್‌ನಲ್ಲಿ ಹನ್ನೊಂದೂವರೆ. ಲೈನ್ ಖಾಲಿ, ಹುಡುಗರು ತಾಜಾ. ನಮ್ಮ ಗುಂಪು ಉಳಿದುಕೊಂಡಿರುವುದು ಈ ಭಾನುವಾರದ ಬೆಳಗಿನಿಂದಲೇ. ಚೀನಾದಲ್ಲಿ ದೊಡ್ಡ ರಜೆಯ ಹಿಂದುಮುಂದಿನ ಕೆಲವು ಭಾನುವಾರ ಶಾಲೆ, ಆಫೀಸು ನಡೆಸಿ ರಜೆ ಸರಿದೂಗಿಸುತ್ತಾರೆ, ಕ್ಯಾಲೆಂಡರ್ ನೋಡಿಕೊಂಡಿರಿ.

ಮೈನ್‌ಕ್ರಾಫ್ಟ್ ಬಗ್ಗೆ ಚಿಂತೆ ಬೇಡ. ಚೀನಾದಲ್ಲಿ ನೆಟ್‌ಈಸ್ ನಡೆಸುವ ಬೇರೆ ಆವೃತ್ತಿ ಇದೆ, ಅದು ನಿಮಗೆ ಬೇಕಿಲ್ಲ; ಭಾರತದಲ್ಲಿ ಕೊಂಡ ಜಾವಾ ಆವೃತ್ತಿಯ ಖಾತೆಯೇ ಸಾಕು. ಸಿಂಗಾಪುರದಲ್ಲಿ ಒಂದು ಪುಟ್ಟ ಸರ್ವರ್ ಬಾಡಿಗೆಗೆ ಹಿಡಿದು ಗೆಳೆಯರೆಲ್ಲ ಸೇರಿ ಒಂದೇ ಲೋಕ ಕಟ್ಟಲಿ. 150 ಮಿಲಿಸೆಕೆಂಡ್ ತಡವಾದರೂ ಮನೆ ಕಟ್ಟುವುದಕ್ಕೆ, ಗಣಿ ತೋಡುವುದಕ್ಕೆ ಏನೂ ಆಗುವುದಿಲ್ಲ. ಇನ್ನೊಂದು ಅನುಕೂಲ: ಎಲ್ಲರೂ ಒಂದೇ ಹೊತ್ತಿಗೆ ಕೂರಬೇಕೆಂದಿಲ್ಲ. ಇವನು ಶಾಲೆಯಿಂದ ಬಂದು ಗೋಡೆ ಎಬ್ಬಿಸಿ ಹೋದರೆ, ಅವರು ರಾತ್ರಿ ಬಂದು ಮಾಡು ಹಾಕುತ್ತಾರೆ. ಒಂದನ್ನೇ ಉಳಿಸಿಕೊಳ್ಳಿ ಎಂದರೆ ನಾನು ವ್ಯಾಲೊರಂಟ್ ಬಿಟ್ಟು ಇದನ್ನೇ ಉಳಿಸಿಕೊಳ್ಳುತ್ತೇನೆ.

ಮಾತಾಡುವುದು ಹೇಗೆ ಎನ್ನುವುದು ನೀವು ಕೇಳದಿದ್ದರೂ ಎಲ್ಲರೂ ಎಡವುವ ಜಾಗ. ಡಿಸ್ಕಾರ್ಡ್, ವಾಟ್ಸ್ಆ್ಯಪ್ ಚೀನಾದಲ್ಲಿ ಇಲ್ಲ. ಅಲ್ಲಿ ಎಲ್ಲರೂ ಬಳಸುವ ವಿಚಾಟ್ 2020ರ ಜೂನ್‌ನಿಂದ ಭಾರತದಲ್ಲಿ ನಿಷೇಧ. ಹಾಗಾಗಿ ಎರಡೂ ಕಡೆ ನಡೆಯುವುದನ್ನೇ ಹುಡುಕಬೇಕು. ಗೇಮ್‌ನೊಳಗಿನ ವಾಯ್ಸ್ ಚಾಟ್ ಮೊದಲ ಆಯ್ಕೆ; ಆಪಲ್ ಫೋನ್ ಇದ್ದವರಿಗೆ ಫೇಸ್‌ಟೈಮ್; ಮೈಕ್ರೋಸಾಫ್ಟ್ ಟೀಮ್ಸ್ ಕೂಡ ನಡೆಯುತ್ತದೆ. ಮಗನಿಗೋ ನಿಮಗೋ ಒಂದು ಭಾರತದ ಸಿಮ್ ಇಂಟರ್‌ನ್ಯಾಷನಲ್ ರೋಮಿಂಗ್‌ನಲ್ಲಿ ಇರಲಿ. ರೋಮಿಂಗ್ ಡೇಟಾ ನಮ್ಮ ಕಂಪನಿಯ ಜಾಲಕ್ಕೆ ಬಂದು ಹೊರಬೀಳುವುದರಿಂದ ಅದರಲ್ಲಿ ವಾಟ್ಸ್ಆ್ಯಪ್ ತೆರೆಯುತ್ತದೆ. ದುಬಾರಿ, ಹಾಗಾಗಿ ಆಟಕ್ಕಲ್ಲ. ‘ಹತ್ತು ನಿಮಿಷ ಲೇಟು, ಇರ್ರೋ’ ಎಂದು ತಿಳಿಸುವುದಕ್ಕೆ, ಒಟಿಪಿಗೆ.

ಹೊರಡುವ ಮುನ್ನ ಮಾಡಲೇಬೇಕಾದದ್ದು ಒಂದಿದೆ. ಮಗನ ಗೇಮ್ ಖಾತೆಗಳು ಜಿಮೇಲ್‌ಗೆ ಜೋಡಿಸಿದ್ದರೆ ಈ ವಾರವೇ ಔಟ್‌ಲುಕ್ ವಿಳಾಸಕ್ಕೆ ಬದಲಿಸಿ. ಹೊಸ ದೇಶದಿಂದ ಲಾಗಿನ್ ಆದರೆ ‘ಇದು ನೀವೇನಾ’ ಎಂದು ಕೋಡ್ ಕಳಿಸುತ್ತಾರೆ. ಕೋಡ್ ಜಿಮೇಲ್‌ಗೆ ಹೋಗುತ್ತದೆ, ಜಿಮೇಲ್ ಅಲ್ಲಿ ತೆರೆಯುವುದಿಲ್ಲ. ‘ಗೂಗಲ್ ಮೂಲಕ ಲಾಗಿನ್’ ಬಳಸುತ್ತಿದ್ದರೂ ಇದೇ ಕಥೆ. ದೊಡ್ಡ ಗೇಮ್‌ಗಳನ್ನು ಮೊದಲೇ ಇನ್‌ಸ್ಟಾಲ್ ಮಾಡಿ ಒಯ್ಯಿರಿ. ಆ್ಯಂಡ್ರಾಯ್ಡ್ ಫೋನ್ ಆದರೆ ಪ್ಲೇ ಸ್ಟೋರ್ ಅಲ್ಲಿ ಕೆಲಸ ಮಾಡುವುದಿಲ್ಲ. ಐಫೋನ್ ಆದರೆ ಆ್ಯಪ್ ಸ್ಟೋರ್ ಖಾತೆಯ ದೇಶ ಬದಲಿಸಬೇಡಿ, ಪರವಾನಗಿಯಿಲ್ಲದ ಗೇಮ್‌ಗಳನ್ನು ಚೀನಾದ ಸ್ಟೋರಿನಿಂದ 2020ರಲ್ಲೇ ಸಾವಿರಗಟ್ಟಲೆ ತೆಗೆದುಹಾಕಿದ್ದಾರೆ.

ಮಕ್ಕಳಿಗೆ ವಾರಕ್ಕೆ ಮೂರೇ ಗಂಟೆ ಆಟ ಎಂಬ ನಿಯಮದ ಬಗ್ಗೆ ನಿಮ್ಮ ಯಜಮಾನರು ಓದಿದ್ದು ನಿಜ. 2021ರ ಸೆಪ್ಟೆಂಬರ್ 1ರಿಂದ 18 ವರ್ಷದೊಳಗಿನವರು ಶುಕ್ರವಾರ, ಶನಿವಾರ, ಭಾನುವಾರ ಮತ್ತು ಸರ್ಕಾರಿ ರಜೆಗಳಂದು ರಾತ್ರಿ 8ರಿಂದ 9ರವರೆಗೆ ಮಾತ್ರ ಆನ್‌ಲೈನ್ ಗೇಮ್ ಆಡಬಹುದು. ಅದಕ್ಕೂ ಮೊದಲು, 2019ರ ನಿಯಮದಲ್ಲಿ, ಸಾಮಾನ್ಯ ದಿನ ಒಂದೂವರೆ ಗಂಟೆ ಇತ್ತು. ಇದನ್ನು ಜಾರಿ ಮಾಡುವುದು ಅಲ್ಲಿನ ಗೇಮ್ ಕಂಪನಿಗಳು: ಗುರುತಿನ ಚೀಟಿಯ ಸಂಖ್ಯೆ ಕೊಡದೆ ಆಟ ತೆರೆಯುವುದಿಲ್ಲ. ಅಜ್ಜನ ಚೀಟಿ ಹಾಕಿ ಆಡುವ ಮಕ್ಕಳನ್ನು ಹಿಡಿಯಲು ಅಲ್ಲಿನ ದೊಡ್ಡ ಗೇಮ್ ಕಂಪನಿ ಟೆನ್ಸೆಂಟ್ ಮುಖ ಗುರುತಿಸುವ ವ್ಯವಸ್ಥೆಯನ್ನೂ ತಂದಿದೆ. ಸಿಂಗಾಪುರ ಸರ್ವರಿನ ಭಾರತೀಯ ಖಾತೆಗೆ ಈ ವ್ಯವಸ್ಥೆ ತಗಲುವುದಿಲ್ಲ, ಅಲ್ಲಿ ಹೊತ್ತು ನಿಗದಿ ಮಾಡಬೇಕಾದವರು ನೀವೇ. ಆದರೆ ಚೀನಾದ ಗೇಮ್‌ಗಳಲ್ಲಿ ನಿಮ್ಮ ಮಗನ ಪಾಸ್‌ಪೋರ್ಟ್ ಸಂಖ್ಯೆಯನ್ನು ಎಷ್ಟೋ ಕಡೆ ಒಪ್ಪುವುದೇ ಇಲ್ಲ. ಯಾರದೋ ಚೀಟಿ ಜೋಡಿಸಿದ ಖಾತೆ ಬಾಡಿಗೆಗೆ ಸಿಗುತ್ತದೆ ಎಂದು ಯಾರಾದರೂ ಹೇಳಿದರೆ ಬೇಡ ಅನ್ನಿ.

ಅಪಾರ್ಟ್‌ಮೆಂಟಿನ ಮಕ್ಕಳು ಆಡುವುದು ಹೆಚ್ಚಾಗಿ ಆನರ್ ಆಫ್ ಕಿಂಗ್ಸ್, ಇಲ್ಲವೇ ಪಬ್‌ಜಿ ಮೊಬೈಲ್ ಬದಲಿಗೆ 2019ರ ಮೇ ತಿಂಗಳಲ್ಲಿ ಅಲ್ಲಿ ಬಂದ ಹಪಿಂಗ್ ಜಿಂಗ್‌ಯಿಂಗ್. ನಕ್ಷೆ, ಬಂದೂಕು ಎಲ್ಲ ನಿಮ್ಮ ಮಗನಿಗೆ ಗೊತ್ತಿರುವುದೇ. ಆದರೆ ಗುಂಡು ತಗುಲಿದವನು ಸಾಯುವುದಿಲ್ಲ. ಮಂಡಿಯೂರಿ ತನ್ನ ಸಾಮಾನಿನ ಪೆಟ್ಟಿಗೆ ಒಪ್ಪಿಸಿ, ಕೈ ಬೀಸಿ ಟಾಟಾ ಮಾಡಿ ಮಾಯವಾಗುತ್ತಾನೆ. ಶುಕ್ರವಾರ ಎಂಟಾಗುವ ಹೊತ್ತಿಗೆ ನಮ್ಮ ಕಟ್ಟಡದ ಕೆಳಗಿನ ಕಲ್ಲುಬೆಂಚಿನ ಮೇಲೆ ಐದಾರು ಮಕ್ಕಳು ಫೋನ್ ಹಿಡಿದು ಒತ್ತೊತ್ತಾಗಿ ಕೂತಿರುತ್ತಾರೆ, ಫೋನ್ ಇಲ್ಲದವರು ಹಿಂದೆ ನಿಂತು ಕೂಗಿ ಕೂಗಿ ದಾರಿ ಹೇಳುತ್ತಾರೆ. ಆ ಬೆಂಚಿನಲ್ಲಿ ಜಾಗ ಸಿಗಲು ಚೀನೀ ಭಾಷೆಯೂ ಅಷ್ಟು ಬೇಕಿಲ್ಲ, ಖಾತೆಯೂ ಬೇಕಿಲ್ಲ. ಆಗ ಮೈಸೂರಿನಲ್ಲಿ ಸಂಜೆ ಐದೂವರೆ, ಗೆಳೆಯರು ‘ಆನ್‌ಲೈನ್ ಬಾರೋ’ ಎಂದು ಕರೆಯುವ ಹೊತ್ತೂ ಹೌದು. ಶುಕ್ರವಾರದ ಆ ಒಂದು ಗಂಟೆಯನ್ನು ಮಾತ್ರ ಮೈಸೂರಿಗೆ ಕೊಡಬೇಡಿ, ಅವನನ್ನು ಕೆಳಗೆ ಕಳಿಸಿ.